ದೀಪ ಇಳಿಸುವ ಹಾಡು: ಕಲ್ಪಿತ ಲೋಕಕ್ಕೊಂದು ಆಚರಣೆಯ ಹಾಡು ಕಟ್ಟುವ ಬಗೆ

ಕಲ್ಪಿತ ಲೋಕದ ಕಾದಂಬರಿಯಲ್ಲಿ ಪವಿತ್ರ ಹಾಡೊಂದು ಬಂತೆಂದರೆ ಓದುಗರ ಕಣ್ಣು ತಾನಾಗಿ ಮುಂದಿನ ಗದ್ಯಕ್ಕೆ ಜಾರುತ್ತದೆ. ಸಾಲುಗಳು ಚೆನ್ನಾಗಿದ್ದರೂ ಹೀಗಾಗುತ್ತದೆ. ಅವನ್ನು ಓದದೆ ಬಿಟ್ಟರೂ ಕಥೆಗೆ ಏನೂ ಕೊರತೆಯಾಗದು ಎಂಬುದು ಓದುಗರಿಗೆ ಎರಡನೆಯ ಸಾಲಿಗೇ ಗೊತ್ತಾಗಿರುತ್ತದೆ. ಬೆಳಕು, ಅನಂತ, ಶಾಂತಿ, ಸತ್ಯ ಇಂಥ ಪದಗಳು ಸಾಲಾಗಿ ಬಂದು, ಪ್ರಾಸ ಅಚ್ಚುಕಟ್ಟಾಗಿ ಕೂತು, ಹಾಡು ಮುಗಿಯುತ್ತದೆ. ಆ ಲೋಕದ ಜನ ಅದನ್ನು ಯಾಕೆ ಹಾಡುತ್ತಾರೆ, ಹಾಡದಿದ್ದರೆ ಏನಾಗುತ್ತದೆ, ತಪ್ಪಾಗಿ ಹಾಡಿದರೆ ಯಾರಿಗೆ ನಷ್ಟ ಎಂಬ ಪ್ರಶ್ನೆಗಳಿಗೆ ಅದರಲ್ಲಿ ಉತ್ತರವೇ ಇರುವುದಿಲ್ಲ.

ಹಾಗಾಗಿ ಹಾಡು ಏನು ಹೇಳಬೇಕು ಎಂದು ಯೋಚಿಸುವ ಮೊದಲು ಅದು ಮಾಡುವ ಕೆಲಸ ಯಾವುದು ಎಂದು ತೀರ್ಮಾನಿಸಿಕೊಳ್ಳಬೇಕು. ಕೆಲಸ ಖಚಿತವಾದರೆ ಸಾಲುಗಳೆಷ್ಟು, ಒಂದೊಂದು ಸಾಲು ಎಷ್ಟು ಉದ್ದ, ಎಷ್ಟು ಜನ ಹಾಡುತ್ತಾರೆ, ಸ್ವರ ಎಲ್ಲಿ ಏರುತ್ತದೆ ಎಲ್ಲಿ ಇಳಿಯುತ್ತದೆ ಎಂಬುದೆಲ್ಲ ಲೆಕ್ಕಕ್ಕೆ ಸಿಗುತ್ತದೆ. ನಂಬಿಕೆ, ನಿಷೇಧ, ದೇವರ ಕಥೆ ಇವು ಆ ಲೆಕ್ಕದ ಸಂದಿಗಳಲ್ಲಿ ಆಮೇಲೆ ಹುಟ್ಟಿಕೊಳ್ಳುತ್ತವೆ. ಒಂದೇ ಉದಾಹರಣೆಯನ್ನು ಕೊನೆಯವರೆಗೂ ಕಟ್ಟುತ್ತ ಹೋದರೆ ಇದು ಸ್ಪಷ್ಟವಾಗುತ್ತದೆ.

ಮೊದಲು ಕೆಲಸ

ಒಣಗಿದ ಎತ್ತರದ ಬಯಲು, ಹತ್ತು ಮನೆತನ, ಒಂದೇ ಬಾವಿ. ಆವಿಯಾಗಿ ನೀರು ಹೋಗದಿರಲೆಂದು ಬಾವಿಯ ಬಾಯಿಗೆ ಕಲ್ಲಿನ ಮುಚ್ಚಳ. ನೀರು ಸೇದಲು ಅದರಲ್ಲೊಂದು ಸಣ್ಣ ಕಿಂಡಿ. ವರ್ಷಕ್ಕೊಮ್ಮೆ, ನೀರು ತೀರ ಇಳಿದಾಗ, ಮುಚ್ಚಳ ಸರಿಸಿ ಒಳಗಿಳಿದು ಹೂಳೆತ್ತಬೇಕು. ಮುಚ್ಚಿದ ಬಾವಿಯ ತಳದಲ್ಲಿ ಕೊಳೆತ ಎಲೆಕಸದಿಂದಲೂ ಸುತ್ತಲ ಮಣ್ಣಿನಿಂದಲೂ ಬಂದ ಇಂಗಾಲದ ಡೈಆಕ್ಸೈಡ್ ನಿಂತಿರುತ್ತದೆ. ಅದು ಗಾಳಿಗಿಂತ ಭಾರ. ನೇರ ಇಳಿದವನು ಮೇಲೆ ಬರುವುದಿಲ್ಲ. ಆದ್ದರಿಂದ ಮೊದಲು ದೀಪ ಇಳಿಸುತ್ತಾರೆ. ದೀಪ ತಳದಲ್ಲಿ ಸಾಕಷ್ಟು ಹೊತ್ತು ಉರಿದು, ಉರಿಯುತ್ತಲೇ ಮೇಲೆ ಬಂದರೆ ಮಾತ್ರ ಮನುಷ್ಯ ಇಳಿಯಬಹುದು.

ನಮ್ಮ ಗಾಳಿಯಲ್ಲಿ ಆಮ್ಲಜನಕ ಶೇ. 21ರಷ್ಟಿದೆ. ಅದು ಸುಮಾರು ಶೇ. 16ಕ್ಕೆ ಇಳಿದರೆ ಬತ್ತಿಯ ಜ್ವಾಲೆ ನಂದುತ್ತದೆ. ಮನುಷ್ಯ ಪ್ರಜ್ಞೆ ತಪ್ಪುವುದು ಅದಕ್ಕಿಂತ ಕೆಳಗೆ. ಹೀಗೆ ದೀಪ ಮನುಷ್ಯನಿಗಿಂತ ಮುಂಚೆ ಸೋಲುತ್ತದೆ, ಆ ಅಂತರವೇ ಈ ಆಚರಣೆಯ ಆಧಾರ. (ನಿಜವಾದ ಬಾವಿಗೆ ಈ ವಿಧಾನ ಬೇಡ. ಉರಿಯುವ ಅನಿಲ ಇದ್ದರೆ ದೀಪವೇ ಸ್ಫೋಟಕ್ಕೆ ಕಾರಣವಾಗುತ್ತದೆ, ಹೈಡ್ರೋಜನ್ ಸಲ್ಫೈಡ್‌ನಂಥ ವಿಷಾನಿಲವನ್ನು ಜ್ವಾಲೆ ತೋರಿಸಿಕೊಡುವುದೂ ಇಲ್ಲ. ಅಲ್ಲಿ ಅನಿಲ ಅಳೆಯುವ ಉಪಕರಣವೇ ಬೇಕು.)

ಈ ಜನರ ಬಳಿ ಗಡಿಯಾರ ಇಲ್ಲ. ದೀಪವನ್ನು ಎಷ್ಟು ನಿಧಾನ ಇಳಿಸಬೇಕು, ತಳದಲ್ಲಿ ಎಷ್ಟು ಹೊತ್ತು ಬಿಡಬೇಕು ಎಂಬುದನ್ನು ಅಳೆಯುವುದು ಹಾಡು. ಹಾಡಿನ ಕೆಲಸ ಇಷ್ಟೇ: ಕಾಲವನ್ನು ಅಳೆಯುವುದು ಮತ್ತು ಹಗ್ಗ ಹಿಡಿದ ಕೈಯನ್ನು ಅವಸರ ಮಾಡದಂತೆ ತಡೆಯುವುದು. ಇದು ಬರೀ ಕಲ್ಪನೆಯಲ್ಲ. ಮಧ್ಯಯುಗದ ಯೂರೋಪಿನ ಅಡುಗೆ ಮತ್ತು ಔಷಧಿಯ ಬರಹಗಳಲ್ಲಿ, ಇಂತಿಷ್ಟು ಸಲ ಕ್ರೈಸ್ತರ ‘ಪ್ರಭುವಿನ ಪ್ರಾರ್ಥನೆ’ ಹೇಳಿ ಮುಗಿಸುವಷ್ಟು ಹೊತ್ತು ಕುದಿಸಿ ಎಂಬಂಥ ಸೂಚನೆಗಳಿವೆ. ಎಲ್ಲರಿಗೂ ಬಾಯಿಪಾಠವಿದ್ದ, ಎಲ್ಲರೂ ಹೆಚ್ಚುಕಡಿಮೆ ಒಂದೇ ವೇಗದಲ್ಲಿ ಹೇಳುತ್ತಿದ್ದ ಅಳತೆ ಅದು.

ಇನ್ನೂ ಬೇರೆ ಕೆಲಸಗಳಿರಬಹುದು. ಗಡಿಯ ಕಲ್ಲುಗಳನ್ನು ಕ್ರಮವಾಗಿ ನೆನಪಿಡುವ ಹಾಡು, ಯಾವ ಮನೆತನ ಎಲ್ಲಿಂದ ಬಂತೆಂದು ಸಾಕ್ಷಿ ಹೇಳುವ ಹಾಡು, ಮಂಜಿನಲ್ಲಿ ದೋಣಿಗಳು ಒಂದಕ್ಕೊಂದು ಡಿಕ್ಕಿ ಹೊಡೆಯದಂತೆ ದನಿ ಕೊಡುವ ಹಾಡು. ಯಾವುದಾದರೂ ಆಗಲಿ, ಒಂದು ಹಾಡಿಗೆ ಒಂದೇ ಮುಖ್ಯ ಕೆಲಸ ಸಾಕು. ಎರಡು ಮೂರು ಹೊರಿಸಿದರೆ ಅಳತೆಗಳು ಪರಸ್ಪರ ಜಗಳವಾಡುತ್ತವೆ.

ಒಂದು ಉಸಿರಿಗೆ ಒಂದು ಸಾಲು

ಬಾವಿ ಹತ್ತು ಮಾರು ಆಳ. ಮಾರೆಂದರೆ ಎರಡೂ ಕೈ ಚಾಚಿದರೆ ಒಂದು ಬೆರಳತುದಿಯಿಂದ ಇನ್ನೊಂದಕ್ಕೆ ಇರುವ ಉದ್ದ, ಸುಮಾರು 6 ಅಡಿ. ಹತ್ತು ಮಾರಿಗೆ 60 ಅಡಿ. ಒಂದು ಸಾಲಿಗೆ ಒಂದು ಮಾರು ಹಗ್ಗ ಬಿಟ್ಟರೆ ಇಳಿಸಲು 10 ಸಾಲು. ತಳದಲ್ಲಿ ಕಾಯಲು 10, ಎತ್ತಲು 10. ಒಟ್ಟು 30 ಸಾಲು.

ಸಾಲಿನ ಉದ್ದವನ್ನು ಉಸಿರು ನಿರ್ಧರಿಸುತ್ತದೆ. ತರಬೇತಿಯಿಲ್ಲದ ಗಂಟಲು ನಿರಾಯಾಸವಾಗಿ 8 ಸೆಕೆಂಡು ಹಾಡಿ 2 ಸೆಕೆಂಡಿನಲ್ಲಿ ಉಸಿರೆಳೆದುಕೊಳ್ಳಬಲ್ಲದು. ಅಲ್ಲಿಗೆ ಒಂದು ಸಾಲಿಗೆ 10 ಸೆಕೆಂಡು, ನಿಮಿಷಕ್ಕೆ 6 ಉಸಿರು. ಈ 6 ಎಂಬ ಸಂಖ್ಯೆಗೆ ಬೇರೆ ಆಧಾರವೂ ಇದೆ. 2001ರಲ್ಲಿ ಬ್ರಿಟಿಷ್ ಮೆಡಿಕಲ್ ಜರ್ನಲ್ ಪ್ರಕಟಿಸಿದ ಒಂದು ಅಧ್ಯಯನದಲ್ಲಿ ಇಟಲಿಯ ವೈದ್ಯರ ತಂಡವೊಂದು, ಲ್ಯಾಟಿನ್ ಜಪಮಾಲೆಯ ಪ್ರಾರ್ಥನೆಯೂ ‘ಓಂ ಮಣಿಪದ್ಮೇ ಹೂಂ’ ಮಂತ್ರವೂ ಹೇಳುವವರ ಉಸಿರನ್ನು ನಿಮಿಷಕ್ಕೆ ಸುಮಾರು 6ಕ್ಕೆ ತಂದು ನಿಲ್ಲಿಸುತ್ತವೆ ಎಂದು ತೋರಿಸಿತು. ಬೇರೆ ಬೇರೆ ಧರ್ಮದ ಎರಡು ಪರಂಪರೆಗಳು ಒಂದೇ ಅಳತೆಗೆ ಬಂದು ಸೇರಿವೆ. ಕಲ್ಪಿತ ಜನರೂ ಅಲ್ಲಿಗೇ ಬಂದು ಸೇರಿದರೆ ಓದುಗರಿಗೆ ಕಾರಣ ಗೊತ್ತಾಗದಿದ್ದರೂ ಸಹಜ ಅನಿಸುತ್ತದೆ.

30 ಸಾಲು, ಸಾಲಿಗೆ 10 ಸೆಕೆಂಡು: ಒಟ್ಟು 5 ನಿಮಿಷ. ಹಗ್ಗ ಸೆಕೆಂಡಿಗೆ ಸುಮಾರು 18 ಸೆಂಟಿಮೀಟರ್ ಜಾರುತ್ತದೆ. ಈ ವೇಗದಲ್ಲಿ ಬುಟ್ಟಿಯಲ್ಲಿಟ್ಟ ಹಣತೆ ಗಾಳಿ ಬಡಿದು ನಂದುವುದಿಲ್ಲ. ಬೇಗ ಇಳಿಸಿದರೆ ಅಥವಾ ಬೇಗ ಎಳೆದರೆ ನಂದುತ್ತದೆ, ಆಗ ಒಳ್ಳೆಯ ಗಾಳಿಯಿದ್ದರೂ ಬಾವಿ ಕೆಟ್ಟಿದೆಯೆಂದು ಮುಚ್ಚಳ ಮುಚ್ಚಬೇಕಾಗುತ್ತದೆ. ದೀಪ ಮೇಲೆ ಬರುವಾಗಲೂ ಯಾಕೆ ಹಾಡಬೇಕು ಎಂಬುದಕ್ಕೆ ಇದೇ ಉತ್ತರ.

ಇನ್ನು ಛಂದಸ್ಸು. 8 ಸೆಕೆಂಡಿಗೆ 24 ಮಾತ್ರೆ (ಒಂದು ಹ್ರಸ್ವಾಕ್ಷರ ಹೇಳುವಷ್ಟು ಕಾಲ ಒಂದು ಮಾತ್ರೆ), ಸೆಕೆಂಡಿಗೆ ಮೂರು. ಮಾತಿಗಿಂತ ನಿಧಾನ, ಆದರೆ ಎಳೆದಾಟವಿಲ್ಲ. ಗಣ ಯಾವುದು? ಇಳಿಸುವ ಭಾಗದಲ್ಲಿ ಮಾರುಗಳನ್ನು ಎಣಿಸಲೇಬೇಕು, ಹಾಗಾಗಿ ಎಣಿಕೆಯ ಪದಗಳೇ ಗಣವನ್ನು, ಅಂದರೆ ಮಾತ್ರೆಗಳ ಗುಂಪನ್ನು, ಆರಿಸಿಕೊಡುತ್ತವೆ. ಕನ್ನಡದಲ್ಲಿ ಒಂದು, ಎರಡು, ಮೂರು, ನಾಲ್ಕು, ಐದು, ಆರು, ಏಳು, ಎಂಟು ಎಲ್ಲವೂ ಮೂರು ಮಾತ್ರೆ. ಹತ್ತು ಕೂಡ. ‘ಮಾರು’ ಪದವೂ ಮೂರೇ. ಆದ್ದರಿಂದ ಮೂರು ಮಾತ್ರೆಯ ಗಣ, ಅಂದರೆ ಉತ್ಸಾಹ ರಗಳೆಯ ನಡೆ, ತಾನಾಗಿ ಒದಗುತ್ತದೆ:

ಒಂದು ಮಾರು ಇಳಿಯೊ ದೀಪ, ಕಲ್ಲು ಕಣ್ಣು ತೆರೆಯಲಿ
ಎರಡು ಮಾರು ಇಳಿಯೊ ದೀಪ, ಬೇರ ಹಿಡಿತ ಸಡಿಲಲಿ

ಮೊದಲ ಅರ್ಧದಲ್ಲಿ 12 ಮಾತ್ರೆ. ಎರಡನೆಯದರಲ್ಲಿ ಕೊನೆಯ ಅಕ್ಷರವನ್ನು ಗುರುವೆಂದು (ಎರಡು ಮಾತ್ರೆ) ಹಿಡಿದು 11, ಮೇಲೊಂದು ಮಾತ್ರೆಯ ಬಿಡುವು. ಪ್ರತಿ ಸಾಲಿನ ಎರಡನೆಯ ಅರ್ಧ ಬಾವಿಯ ಗೋಡೆಯಲ್ಲಿ ಆ ಆಳದಲ್ಲಿ ಏನಿದೆಯೋ ಅದನ್ನೇ ಕರೆಯುತ್ತದೆ: ಮೊದಲ ಮಾರಿನಲ್ಲಿ ಕಟ್ಟಿದ ಕಲ್ಲು, ಎರಡರಲ್ಲಿ ನುಗ್ಗಿದ ಬೇರು, ಮುಂದೆ ಕೆಂಪು ಮಣ್ಣಿನ ಪದರ, ಹಳೆಯ ನೀರಿನ ಗೆರೆ. ಅಮೂರ್ತ ಪದ ಒಂದೂ ಬೇಡ. ಈ ಹಾಡು ಬಲ್ಲವರಿಗೆ ಬಾವಿಯ ಒಳಗೋಡೆ ನೋಡದೆಯೂ ಗೊತ್ತಿರುತ್ತದೆ, ಮೊದಲ ಸಲ ಇಳಿಯುವ ಹುಡುಗನಿಗೆ ಇದು ನಕ್ಷೆಯ ಹಾಗೆ ಒದಗುತ್ತದೆ.

ಒಂಬತ್ತನೆಯ ಸಾಲಿನ ತೊಡಕು

ಒಂಬತ್ತು ಮಾತ್ರ ಐದು ಮಾತ್ರೆ. ‘ಒಂಬತ್ತು ಮಾರು ಇಳಿಯೊ ದೀಪ’ ಎಂದರೆ 14 ಆಗಿ ನಡೆ ಮುಗ್ಗರಿಸುತ್ತದೆ. ಇಂಥ ಕಡೆ ಬರೆಯುವವರು ಸಾಮಾನ್ಯವಾಗಿ ಮಾಡುವುದೆಂದರೆ ಎಣಿಕೆಯನ್ನೇ ಕೈಬಿಟ್ಟು ಬೇರೆ ಪದ ಹುಡುಕುವುದು. ಹಾಗೆ ಮಾಡಬಾರದು. ಶತಮಾನಗಳ ಕಾಲ ಹಾಡಿದ ಬಾಯಿಗಳು ಈ ತೊಡಕನ್ನು ಹೇಗೆ ದಾಟಿರಬಹುದು ಎಂದು ನೋಡಬೇಕು. ಎಲ್ಲಕ್ಕಿಂತ ಸುಲಭದ ದಾರಿ ಒಂದು ಗಣವನ್ನೇ ಬಿಡುವುದು:

ಒಂಬತ್ತು ಮಾರು ದೀಪ, ನೀರು ನಮ್ಮ ಕರೆಯಲಿ

ಈಗ ಮೊದಲ ಅರ್ಧ 11 ಮಾತ್ರೆ. ‘ದೀ’ಯನ್ನು ಒಂದು ಮಾತ್ರೆ ಹೆಚ್ಚಿಗೆ ಎಳೆದರೆ 12 ಸರಿಹೋಯಿತು. ಆದರೆ ಬಿಟ್ಟುಹೋದ ಗಣ ಯಾವುದು? ‘ಇಳಿಯೊ’. ಹತ್ತು ಸಾಲುಗಳಲ್ಲಿ ಇದೊಂದರಲ್ಲಿ ಮಾತ್ರ ದೀಪಕ್ಕೆ ಅಪ್ಪಣೆಯಿಲ್ಲ. ತಲೆಮಾರುಗಳ ನಂತರ ಯಾರಿಗೂ ಮಾತ್ರೆಯ ಲೆಕ್ಕ ನೆನಪಿರುವುದಿಲ್ಲ, ಆದರೆ ಅಪ್ಪಣೆ ಇಲ್ಲದ್ದು ಎಲ್ಲರಿಗೂ ಕೇಳಿಸುತ್ತದೆ. ಅದಕ್ಕೊಂದು ಕಾರಣ ಬೇಕಾಗುತ್ತದೆ. ಒಂಬತ್ತನೆಯ ಮಾರಿನಿಂದ ಕೆಳಗೆ ಬಾವಿಯ ದೇವತೆಯಾದ ತಳದಾಕೆಯ ಮನೆ. ಇನ್ನೊಬ್ಬರ ಮನೆಯ ಹೊಸ್ತಿಲಲ್ಲಿ ನಿಂತು ಅಪ್ಪಣೆ ಕೊಡುವಂತಿಲ್ಲ. ಹತ್ತನೆಯದರಲ್ಲಿ ಮತ್ತೆ ‘ಇಳಿಯೊ’ ಬರುತ್ತದಲ್ಲ? ಅದು ತಳದಾಕೆಯದೇ ಮಾತು, ಹಾಡುವವನ ಬಾಯಿಂದ ಬಂದರೂ. ಹಾಗಾಗಿ ಹತ್ತನೆಯ ಸಾಲು ಹಾಡುವವನು ಆ ದಿನ ಬೇರೆ ಮಾತಾಡುವಂತಿಲ್ಲ.

ಛಂದಸ್ಸಿನ ಒಂದು ಕೊರತೆಯಿಂದ ದೇವತೆಯ ಮನೆ, ಹೊಸ್ತಿಲಿನ ನಿಯಮ, ಮೌನದ ವ್ರತ ಮೂರೂ ಸಿಕ್ಕವು. ಮೊದಲು ದೇವತೆಯನ್ನು ಕಲ್ಪಿಸಿ ಆಮೇಲೆ ಅವಳಿಗೊಂದು ಹಾಡು ಹೊಸೆದಿದ್ದರೆ ಈ ಬಿಗಿ ಬರುತ್ತಿರಲಿಲ್ಲ. ಹಾಡಿನಲ್ಲಿ ಒಂದೇ ಒಂದು ಕಡೆ ಹೀಗೆ ನಡೆ ಮುರಿಯಲಿ. ಮೂರು ಕಡೆ ಮುರಿದರೆ ಅದು ಬರೆದವರ ಅಜಾಗರೂಕತೆಯೆಂದೇ ಓದುಗರು ತಿಳಿಯುತ್ತಾರೆ.

ಕಾಯುವ ಹತ್ತು ಸಾಲು

ದೀಪ ತಳದಲ್ಲಿದೆ. ಎಲ್ಲರ ಕಣ್ಣು ಕೆಳಗೆ. ಈ ಹೊತ್ತಿನಲ್ಲಿ ಯಾರಿಗೂ ಪದಗಳ ಮೇಲೆ ಗಮನವಿರುವುದಿಲ್ಲ, ಆದ್ದರಿಂದ ಅರ್ಥವಿರುವ ಸಾಲುಗಳು ಇಲ್ಲಿ ನಿಲ್ಲುವುದಿಲ್ಲ. ‘ಹೋಯಿ ಹೋಯಿ ಉರಿಯೊ ಹೋಯಿ’, ಅದೇ ಮತ್ತೊಮ್ಮೆ: 24 ಮಾತ್ರೆ. ಪದವೆಂದು ಇರುವುದು ‘ಉರಿಯೊ’ ಒಂದೇ, ಉಳಿದದ್ದು ಬರೀ ದನಿ.

ಅರ್ಥವಿಲ್ಲದ ಅಕ್ಷರಗಳು ಪವಿತ್ರ ಹಾಡಿಗೆ ಹೊಸತೇನಲ್ಲ. ಸಾಮವೇದದ ಹಾಡಿಕೆಯಾದ ಸಾಮಗಾನದಲ್ಲಿ ಋಕ್ಕಿನ (ಮಂತ್ರದ) ಪದಗಳ ನಡುವೆ ‘ಹಾ’, ‘ಹಾಉ’, ‘ಹೋಇ’ ಇಂಥ ಸ್ತೋಭಾಕ್ಷರಗಳನ್ನು ಸೇರಿಸಿ ಹಾಡುತ್ತಾರೆ. ಅವು ಸ್ವರ ನಿಲ್ಲಿಸಲು ಜಾಗ ಕೊಡುತ್ತವೆ. ಕಲ್ಪಿತ ಹಾಡಿನಲ್ಲಿ ಇದನ್ನು ಬಳಸುವಾಗ ಎರಡು ಎಚ್ಚರ ಬೇಕು. ನಿಜವಾದ ಬೀಜಾಕ್ಷರಗಳನ್ನು ಎತ್ತಿ ತಂದಿಡಬಾರದು. ‘ಹ್ರೀಂ’ ಎಂದೊಡನೆ ಓದುಗರು ನೀವು ಕಟ್ಟಿದ ಬಯಲನ್ನು ಬಿಟ್ಟು ತಮಗೆ ಗೊತ್ತಿರುವ ಗುಡಿಗೆ ಹೋಗಿಬಿಡುತ್ತಾರೆ. ಎರಡನೆಯದು, ಅಕ್ಷರಗಳನ್ನು ಸುಮ್ಮನೆ ಚೆಲ್ಲಬಾರದು. ಎರಡು ಅಥವಾ ಮೂರು ಅಕ್ಷರಗಳನ್ನೇ ತಿರುಗಿಸಿ ಮುರುಗಿಸಿ ಬಳಸಬೇಕು, ಇಲ್ಲವಾದರೆ ಅದು ಗೊಣಗಾಟವಾಗುತ್ತದೆ.

ಇಲ್ಲೊಂದು ನಿಜವಾದ ಸಮಸ್ಯೆಯಿದೆ. ಹತ್ತೂ ಸಾಲು ಒಂದೇ ಆದ್ದರಿಂದ ಎಣಿಕೆ ತಪ್ಪುತ್ತದೆ. ಏಳೇ ಸಾಲು ಹಾಡಿ ಹತ್ತಾಯಿತೆಂದು ದೀಪ ಎತ್ತಿದರೆ ಅರ್ಧ ನಿಮಿಷ ಕಡಿಮೆ ಕಾದಂತಾಗುತ್ತದೆ. ಇದಕ್ಕೆ ಪರಿಹಾರ ಹಾಡಿನೊಳಗಿಲ್ಲ, ಹಾಡುವವರನ್ನು ನಿಲ್ಲಿಸುವ ಕ್ರಮದಲ್ಲಿದೆ. ಹತ್ತು ಮನೆತನದಿಂದ ಒಬ್ಬೊಬ್ಬರು ಬಾವಿಯ ಸುತ್ತ ನಿಲ್ಲುತ್ತಾರೆ, ಒಬ್ಬರಿಗೆ ಒಂದು ಸಾಲು. ಹಾಡು ಒಂದು ಸುತ್ತು ಬಂದರೆ ಹತ್ತಾಯಿತು, ಯಾರೂ ಎಣಿಸಬೇಕಾಗಿಲ್ಲ. ಇಳಿಸುವಾಗಲೂ ಅದೇ ಕ್ರಮ. ಎತ್ತುವಾಗ ಹತ್ತರಿಂದ ಒಂದಕ್ಕೆ ಹಿಂದಿರುಗಬೇಕು, ಆದ್ದರಿಂದ ಹತ್ತನೆಯ ಮನೆಯವನು ‘ಹತ್ತು ಮಾರು ಏರೊ ದೀಪ’ ಎಂದು ಶುರುಮಾಡುತ್ತಾನೆ, ಒಂದನೆಯ ಮನೆಯವನು ಮುಗಿಸುತ್ತಾನೆ. ಹಾಡನ್ನು ಆರಂಭಿಸುವವನೂ ಮುಗಿಸುವವನೂ ಒಂದೇ ಮನೆಯವನು ಎಂಬುದು ಊರಿನ ಯಜಮಾನಿಕೆಯ ಪ್ರಶ್ನೆಯಾಗಲು ಎಷ್ಟು ಹೊತ್ತು ಬೇಕು?

ಸಾಲು ಮನೆತನದ ಆಸ್ತಿಯಾದ ಮೇಲೆ ಮುಂದಿನದು ತಾನಾಗಿ ಎದುರಾಗುತ್ತದೆ. ಆರನೆಯ ಮನೆ ಅಳಿದುಹೋದರೆ? ಆ ಸಾಲನ್ನು ಬೇರೆಯವರು ಹಾಡುವಂತಿಲ್ಲ. ಆದರೆ ಹಗ್ಗ ಆ ಮಾರನ್ನೂ ಇಳಿಯಲೇಬೇಕು. ಹಾಗಾಗಿ ಹತ್ತು ಸೆಕೆಂಡು ಎಲ್ಲರೂ ಸುಮ್ಮನಿರುತ್ತಾರೆ, ಹಗ್ಗ ಮಾತ್ರ ಜಾರುತ್ತದೆ. ಆ ಹತ್ತು ಸೆಕೆಂಡನ್ನು ಯಾವ ಅಳತೆಯಿಂದ ತುಂಬುತ್ತಾರೆ, ಮನಸ್ಸಿನಲ್ಲೇ ಹಾಡಿಕೊಂಡೇ, ಉಸಿರೆಣಿಸಿಯೇ? ಹಾಡಿಕೊಂಡರೆ ನಿಷೇಧ ಮುರಿದಂತಲ್ಲವೆ? ಇಂಥ ಜಗಳಗಳೇ ಧರ್ಮವನ್ನು ಜೀವಂತವಾಗಿ ತೋರಿಸುತ್ತವೆ. ದೇವತೆಯ ಹುಟ್ಟಿನ ಕಥೆಯನ್ನು ಹತ್ತು ಪುಟ ಬರೆಯುವುದಕ್ಕಿಂತ ಈ ಒಂದು ವಾದ ಹೆಚ್ಚು ಕೆಲಸ ಮಾಡುತ್ತದೆ.

ಸ್ವರ ಮತ್ತು ಜಾಗ

ಗಾಯಕರಲ್ಲದ ಹತ್ತು ಜನ ಹಾಡುವ ಹಾಡಿಗೆ ಒಂದು ಸ್ಥಾಯಿಯೂ ಹೆಚ್ಚೇ. ಷಡ್ಜದಿಂದ ಪಂಚಮದವರೆಗೆ (ಸ ರಿ ಗ ಮ ಪ), ಐದು ಸ್ವರ ಸಾಕು. ವೇದಪಾಠ ಉದಾತ್ತ, ಅನುದಾತ್ತ, ಸ್ವರಿತ ಎಂಬ ಮೂರರಲ್ಲೇ ನಡೆಯುತ್ತದೆ. ದೀಪ ಇಳಿದಂತೆ ಸ್ವರವೂ ಇಳಿಯಲಿ ಎಂದು ಸಾಲಿಗೊಂದು ಸ್ವರ ಇಳಿಸಹೊರಟರೆ ಹತ್ತು ಸ್ವರ ಬೇಕಾಗಿ ಗಂಟಲು ಸಾಲದು. ಎರಡು ಸಾಲಿಗೆ ಒಂದು ಸ್ವರ ಎಂದಿಟ್ಟರೆ ಲೆಕ್ಕ ಕೂಡುತ್ತದೆ. ಒಂದು ಮತ್ತು ಎರಡನೆಯ ಸಾಲು ಪಂಚಮಕ್ಕೆ ಬಂದು ನಿಲ್ಲುತ್ತವೆ. ಮೂರು ನಾಲ್ಕು ಮಧ್ಯಮಕ್ಕೆ, ಐದು ಆರು ಗಾಂಧಾರಕ್ಕೆ, ಏಳು ಎಂಟು ರಿಷಭಕ್ಕೆ. ಒಂಬತ್ತು ಮತ್ತು ಹತ್ತು ಷಡ್ಜಕ್ಕೆ. ಹೊಸ್ತಿಲು ದಾಟುವಾಗಲೇ ಹಾಡು ನೆಲೆ ಮುಟ್ಟುತ್ತದೆ. ಕಾಯುವ ಸಾಲುಗಳೆಲ್ಲ ಷಡ್ಜದಲ್ಲೇ, ಅಲುಗಾಡದೆ. ಎತ್ತುವಾಗ ಇದೇ ಕ್ರಮ ಮೇಲ್ಮುಖ. ಬಾವಿಯಿಂದ ದೂರ ನಿಂತ ಕುರುಡಜ್ಜಿಗೂ ದೀಪ ಯಾವ ಆಳದಲ್ಲಿದೆಯೆಂದು ಸಾಲಿನ ಕೊನೆಯ ಸ್ವರದಿಂದಲೇ ಗೊತ್ತಾಗುತ್ತದೆ.

ಶ್ರುತಿ ಹಿಡಿಯುವ ವಾದ್ಯವಿಲ್ಲದೆ ಗುಂಪಿನಲ್ಲಿ ಹಾಡುವಾಗ ಶ್ರುತಿ ಮೆಲ್ಲಗೆ ಕುಸಿಯುವುದು ಸಾಮಾನ್ಯ. 30 ಸಾಲು ಮುಗಿಯುವ ಹೊತ್ತಿಗೆ ಪಂಚಮ ಮೊದಲಿದ್ದ ಜಾಗಕ್ಕೆ ಮರಳಿರುವುದಿಲ್ಲ. ಬಾರಿಸಿದರೆ ಒಂದೇ ಸ್ವರ ಕೊಡುವ ಕಲ್ಲನ್ನು ಬಾವಿಕಟ್ಟೆಗೆ ಸೇರಿಸಿ ಇದನ್ನು ತಡೆಯಬಹುದು. ಹಾಗೇ ಬಿಡುವುದು ಇನ್ನೂ ಒಳ್ಳೆಯದು: ಇಳಿದ ಶ್ರುತಿ ತಳದಾಕೆಯ ಪಾಲು ಎಂದು ಜನ ಹೇಳಿಕೊಳ್ಳಲಿ, ಎಷ್ಟು ಇಳಿಯಿತೆಂದು ನೋಡಿ ಆ ವರ್ಷದ ನೀರನ್ನು ಊಹಿಸಲಿ.

ಹಾಡುವ ಜಾಗವನ್ನು ಮರೆತು ಹಾಡು ಬರೆಯುವುದು ತೀರ ಸಾಮಾನ್ಯವಾದ ದೋಷ. 60 ಅಡಿ ಆಳದ ಬಾವಿಯಲ್ಲಿ ದನಿ ತಳಕ್ಕೆ ಹೋಗಿ ಮರಳಲು ಸುಮಾರು 0.1 ಸೆಕೆಂಡು ಸಾಕು. ನಮ್ಮ ಒಂದು ಮಾತ್ರೆ ಅದರ ಮೂರು ಪಟ್ಟಿಗೂ ಹೆಚ್ಚು ಉದ್ದ, ಆದ್ದರಿಂದ ಮೊದಲ ಮರುದನಿ ಮುಂದಿನ ಅಕ್ಷರಕ್ಕಿಂತ ಮುಂಚೆಯೇ ಬಂದು ಸೇರುತ್ತದೆ, ಪದಗಳು ಕಲಸಿಹೋಗುವುದಿಲ್ಲ. ದೊಡ್ಡ ಗುಮ್ಮಟದ ಕಥೆ ಬೇರೆ. ಇಸ್ತಾಂಬುಲ್‌ನ ಹಾಗಿಯಾ ಸೋಫಿಯಾದಲ್ಲಿ ದನಿ ಪೂರ್ತಿ ಅಡಗಲು 10 ಸೆಕೆಂಡಿಗೂ ಹೆಚ್ಚು ಬೇಕು. ಅಂಥ ಕಡೆ ಸೆಕೆಂಡಿಗೆ ಮೂರು ಮಾತ್ರೆ ಹಾಡಿದರೆ ಒಂದು ಸಾಲಿನ ಮೇಲೆ ಇನ್ನೊಂದು ಸಾಲು ಬಿದ್ದು ಬರೀ ಗುಂಯ್‌ಗುಡುವಿಕೆ ಉಳಿಯುತ್ತದೆ. ಗುಮ್ಮಟದ ಕೆಳಗೆ ಪದ ಕಡಿಮೆ ಮಾಡಿ ಸ್ವರವನ್ನು ಉದ್ದಕ್ಕೆ ಎಳೆಯಬೇಕು. ಬಯಲಲ್ಲಾದರೆ ಮರುದನಿಯೇ ಇಲ್ಲ. ಅಲ್ಲಿ ಗಟ್ಟಿ ವ್ಯಂಜನ, ಚಿಕ್ಕ ಸಾಲು, ಒಬ್ಬ ಹೇಳಿ ಉಳಿದವರು ಮರಳಿ ಹೇಳುವ ಕ್ರಮ ನಡೆಯುತ್ತದೆ. ಗುಹೆಯಲ್ಲಿ ಚುರುಕು ತಾಳದ ಹಾಡನ್ನು ಹಾಡಿಸಿದ ದೃಶ್ಯವನ್ನು ಸಂಗೀತ ಬಲ್ಲ ಓದುಗರು ನಂಬುವುದಿಲ್ಲ.

ತಪ್ಪು, ಹಗ್ಗ, ತೋಳು

ತಪ್ಪಿಗೆ ದರ್ಜೆಗಳಿರಬೇಕು. ಸ್ವರ ಜಾರಿದರೆ ಕ್ಷಮೆ, ಅದರಿಂದ ಹಗ್ಗಕ್ಕೆ ಏನೂ ಆಗುವುದಿಲ್ಲ. ಪದ ಬದಲಾದರೆ ಬೈಗುಳ. ಸಾಲು ಬಿಟ್ಟುಹೋದರೆ ದೀಪ ಮೇಲೆತ್ತಿ ಮೊದಲಿನಿಂದ. ಯಾಕೆಂದರೆ ಬಿಟ್ಟ ಸಾಲಿನ ಒಂದು ಮಾರು ಹಗ್ಗ ಕೈಯಲ್ಲೇ ಉಳಿದಿರುತ್ತದೆ, ದೀಪ ತಳಕ್ಕಿಂತ ಆರು ಅಡಿ ಮೇಲೆ ತೂಗುತ್ತಿರುತ್ತದೆ, ಕೆಟ್ಟ ಗಾಳಿ ಇರುವುದು ಅದರ ಕೆಳಗೆ. ಜನ ಇದನ್ನು ತಳದಾಕೆಯ ಸಿಟ್ಟು ಎನ್ನಬಹುದು. ಬರೆಯುವವರಿಗೆ ಹಗ್ಗದ ಲೆಕ್ಕ ಗೊತ್ತಿದ್ದರೆ ಸಾಕು, ಪಾತ್ರಗಳಿಗೆ ಗೊತ್ತಿರಬೇಕಾಗಿಲ್ಲ.

ತಪ್ಪನ್ನು ಹಿಡಿಯುವ ವ್ಯವಸ್ಥೆ ಹಾಡಿನೊಳಗೇ ಇರುವುದು ಮೇಲು. ವೇದಪಾಠದ ಕ್ರಮಗಳು ಇದಕ್ಕೆ ಅತ್ಯುತ್ತಮ ಮಾದರಿ. ಕ್ರಮಪಾಠದಲ್ಲಿ ಪದಗಳು 1-2, 2-3, 3-4 ಎಂದು ಜೋಡಿಯಾಗಿ ಬರುತ್ತವೆ. ಜಟಾಪಾಠದಲ್ಲಿ 1-2, 2-1, 1-2. ಘನಪಾಠದಲ್ಲಿ 1-2, 2-1, 1-2-3, 3-2-1, 1-2-3. ಒಂದು ಪದ ಕಳೆದರೆ ಅಥವಾ ಜಾಗ ಬದಲಿಸಿದರೆ ಹಿಂದುಮುಂದಿನ ಜೋಡಿಯಲ್ಲಿ ಅದು ತಕ್ಷಣ ಬಯಲಾಗುತ್ತದೆ. ಬರಹವಿಲ್ಲದೆ ಪಠ್ಯ ಉಳಿದದ್ದು ಹೀಗೆ. ನಮ್ಮ ಹಾಡಿಗೆ ಇಷ್ಟು ಬೇಕಿಲ್ಲ. ಇಳಿಸುವಾಗ ಒಂದರಿಂದ ಹತ್ತು, ಎತ್ತುವಾಗ ಅವೇ ಸಾಲುಗಳು ಹಿಮ್ಮುಖವಾಗಿ ಬರುವುದರಿಂದ ಹೋಗುವಾಗ ಮರೆತದ್ದು ಬರುವಾಗ ಸಿಕ್ಕಿಬೀಳುತ್ತದೆ. ಹಗ್ಗದಲ್ಲಿ ಮಾರಿಗೊಂದು ಗಂಟು. ಸಾಲು ಮುಗಿಯುವುದೂ ಗಂಟು ಕೈಗೆ ಬರುವುದೂ ಒಂದೇ ಕ್ಷಣದಲ್ಲಾಗಬೇಕು, ಆಗದಿದ್ದರೆ ಹಗ್ಗ ಹಿಡಿದವನು ಕೂಗುತ್ತಾನೆ. ತೀರ್ಪು ಹೇಳುವ ಅಧಿಕಾರ ಹಾಡುವವರಿಗಿಲ್ಲ, ಹಗ್ಗದವನಿಗೆ.

ಹಗ್ಗದವನಿಂದಲೇ ಎಲ್ಲಕ್ಕಿಂತ ದೊಡ್ಡ ಅಪಾಯ ಬರುತ್ತದೆ, ಯಾರ ತಪ್ಪೂ ಇಲ್ಲದೆ. ಹಳೆಯ ಹಗ್ಗ ಸವೆದು ಹೊಸದು ಹೊಸೆದಾಗ ಗಂಟುಗಳನ್ನು ತನ್ನ ತೋಳಿನಿಂದ ಅಳೆದು ಹಾಕುವವನು ಅವನು. ಹಿಂದಿನವನ ಮಾರು 6 ಅಡಿ, ಇವನದು 5 ಅಡಿ 8 ಅಂಗುಲ. ಒಂದು ಗಂಟಿಗೆ 4 ಅಂಗುಲದಂತೆ ಹತ್ತು ಗಂಟಿಗೆ 40 ಅಂಗುಲ, ಅಂದರೆ 3 ಅಡಿ 4 ಅಂಗುಲ ಕಡಿಮೆ. ಹಾಡು ಸರಿಯಾಗಿದೆ, ಗಂಟು ಸರಿಯಾಗಿದೆ, ಎಲ್ಲ ಮನೆಯವರೂ ತಪ್ಪಿಲ್ಲದೆ ಹಾಡಿದ್ದಾರೆ, ದೀಪ ಉರಿಯುತ್ತ ಮೇಲೆ ಬಂದಿದೆ. ಆದರೂ ಮೊದಲು ಇಳಿದು ಹೂಳಿಗೆ ಬಗ್ಗಿದವನು ಏಳುವುದಿಲ್ಲ. ಇಂಥ ಘಟನೆಯ ಮೇಲೆ ಇಡೀ ಕಾದಂಬರಿ ನಿಲ್ಲಬಹುದು: ತಳದಾಕೆ ಒಪ್ಪಂದ ಮುರಿದಳೇ, ಯಾರೋ ಮೈಲಿಗೆ ತಂದರೇ ಎಂದು ಊರು ಹುಡುಕುತ್ತಿರುತ್ತದೆ. ಉತ್ತರ ಹೊಸ ಹಗ್ಗದವನ ಗಿಡ್ಡ ತೋಳಿನಲ್ಲಿದೆ.

ಹಾಡಿಗೆ ನಿಜವಾದ ಮಾಂತ್ರಿಕ ಶಕ್ತಿ ಇರುವ ಲೋಕವಾದರೂ ಇದೇ ಮಾತು. ಶಕ್ತಿಯೂ ಅಳತೆಗೆ ಬದ್ಧವಾಗಿರಲಿ. ಅರ್ಧ ಹಾಡಿದರೆ ಏನಾಗುತ್ತದೆ, ಹಾಡಿದವರಿಂದ ಏನು ಕಳೆಯುತ್ತದೆ ಎಂಬುದು ಮೊದಲೇ ಗೊತ್ತಿರಲಿ. ಹಾಡಿದಾಗಲೆಲ್ಲ ಫಲ ಕೊಡುವ ಹಾಡಿನಿಂದ ದೃಶ್ಯಕ್ಕೆ ಯಾವ ಆತಂಕವೂ ಬರುವುದಿಲ್ಲ.

ಸವೆದ ಮಾತು

ಆಚರಣೆಯ ಹಾಡು ಆಡುಮಾತಿಗಿಂತ ನಿಧಾನವಾಗಿ ಬದಲಾಗುತ್ತದೆ. ರೋಮಿನಲ್ಲಿ ಸಾಲಿ ಎಂಬ ಅರ್ಚಕರು ಹಾಡುತ್ತಿದ್ದ ಸ್ತೋತ್ರಗಳು ಸ್ವತಃ ಆ ಅರ್ಚಕರಿಗೇ ಸರಿಯಾಗಿ ಅರ್ಥವಾಗುತ್ತಿರಲಿಲ್ಲವೆಂದು ಕ್ರಿ.ಶ. 1ನೇ ಶತಮಾನದ ಭಾಷಣಕಲೆಯ ಗುರು ಕ್ವಿಂಟಿಲಿಯನ್ ಬರೆದಿದ್ದಾನೆ. ಬದಲಿಸುವುದಕ್ಕೆ ಧರ್ಮ ಬಿಡುತ್ತಿರಲಿಲ್ಲ. ಸುಮೇರಿಯನ್ ಭಾಷೆ ಆಡುಮಾತಾಗಿ ಅಳಿದು ಎಷ್ಟೋ ಶತಮಾನಗಳಾದ ಮೇಲೂ, ಬಾಬಿಲೋನನ್ನು ಗ್ರೀಕ್ ಅರಸರು ಆಳುತ್ತಿದ್ದ ಕಾಲದಲ್ಲೂ, ಅಲ್ಲಿನ ಗುಡಿಗಳಿಗಾಗಿ ಸುಮೇರಿಯನ್ ಶೋಕಗೀತೆಗಳನ್ನು ಪ್ರತಿ ಮಾಡುತ್ತಿದ್ದರು.

ಹಳತನ ತೋರಿಸಲು ಹಾಡಿನ ತುಂಬ ಹಳಗನ್ನಡ ಸುರಿಯುವುದು ಸುಲಭ, ಮತ್ತು ವ್ಯರ್ಥ. ಒಂದೇ ಪದ ಸಾಕು. ಎಲ್ಲರೂ ‘ಹತ್ತು’ ಎನ್ನುವ ಕಾಲದಲ್ಲಿ ಹಾಡಿನಲ್ಲಿ ಮಾತ್ರ ‘ಪತ್ತು ಮಾರು’ ಉಳಿದಿದೆ ಎಂದುಕೊಳ್ಳಿ. ಮಾತ್ರೆ ಬದಲಾಗುವುದಿಲ್ಲ. ಆದರೆ ಪತ್ತು ಎಂದರೇನೆಂದು ತಿಳಿಯದ ಮಕ್ಕಳು ಅದನ್ನು ‘ಬತ್ತು’ ಎಂದು ಕೇಳಿಸಿಕೊಳ್ಳುತ್ತಾರೆ. ಬಾವಿಯ ಬಾಯಲ್ಲಿ ನಿಂತು ಬತ್ತು ಎನ್ನುವುದಕ್ಕಿಂತ ದೊಡ್ಡ ಅಪಶಕುನ ಉಂಟೆ? ಹಾಗಾಗಿ ಹತ್ತನೆಯ ಮನೆಯವನು ಆ ಪದವನ್ನು ತುಟಿ ಮುಚ್ಚಿ ಗುನುಗುವ ರೂಢಿ ಹುಟ್ಟುತ್ತದೆ:

…ಮಾರು ಇಳಿಯೊ ದೀಪ, ತಳದ ಗಾಳಿ ತಿಳಿಯಲಿ

ಹೊರಗಿನವನಿಗೆ ಅಲ್ಲೊಂದು ಗುಪ್ತನಾಮವಿದೆ ಎನಿಸುತ್ತದೆ. ಇರುವುದು ಒಂದು ಅಂಕೆ.

ಹಾಡು ಪೂರ್ತಿ ಕಲ್ಪಿತ ಭಾಷೆಯಲ್ಲೇ ಇರಬೇಕೆಂದರೆ ಹನ್ನೆರಡು ಹದಿನೈದು ದನಿಗಳಿಗೆ ಮಿತಿ ಹಾಕಿಕೊಂಡು, ಒಂದೇ ಪ್ರತ್ಯಯ ಕನಿಷ್ಠ ಮೂರು ಸಲ ಕಿವಿಗೆ ಬೀಳುವಂತೆ ಮಾಡಿ. ಓದುಗರಿಗೆ ವ್ಯಾಕರಣ ತಿಳಿಯದಿದ್ದರೂ ವ್ಯಾಕರಣವೊಂದಿದೆ ಎಂದು ತಿಳಿಯುತ್ತದೆ. ನಾಲ್ಕು ಸಾಲಿಗಿಂತ ಹೆಚ್ಚು ಬೇಡ.

ಆ ಲೋಕದಲ್ಲಿ ಹಾಡನ್ನು ಬರೆದಿಟ್ಟಿದ್ದಾರೆಯೆ? ಇಟ್ಟಿದ್ದರೆ ಬರಹ ಏನನ್ನು ಉಳಿಸುತ್ತದೆ, ಏನನ್ನು ಕಳೆಯುತ್ತದೆ ಎಂದು ಯೋಚಿಸಬೇಕು. ಸಿರಿಯಾದ ಉಗಾರಿತ್‌ನಲ್ಲಿ ಸಿಕ್ಕ, ಕ್ರಿ.ಪೂ. ಸುಮಾರು 1400ರ ಜೇಡಿಮಣ್ಣಿನ ಫಲಕದಲ್ಲಿ ನಿಕ್ಕಲ್ ದೇವತೆಯ ಮೇಲಿನ ಹುರಿಯನ್ ಭಾಷೆಯ ಸ್ತೋತ್ರವಿದೆ. ಮೇಲೆ ಪದಗಳು, ನಡುವೆ ಜೋಡಿ ಗೆರೆ, ಕೆಳಗೆ ಸ್ವರಾಂತರಗಳ ಹೆಸರು ಮತ್ತು ಅಂಕಿ. ಇಷ್ಟಿದ್ದರೂ ಅದರ ಧಾಟಿ ಹೇಗಿತ್ತೆಂಬುದರಲ್ಲಿ ವಿದ್ವಾಂಸರಿಗೆ ಒಮ್ಮತವಿಲ್ಲ. ಒಬ್ಬೊಬ್ಬರು ಮರುಕಟ್ಟಿದ್ದು ಒಂದೊಂದು ಥರ ಕೇಳಿಸುತ್ತದೆ. ನಮ್ಮ ಬಾವಿಯ ಹಾಡನ್ನು ಯಾರಾದರೂ ಬರೆದಿಟ್ಟರೆ ಪದಗಳು ಉಳಿಯುತ್ತವೆ, ವೇಗ ಉಳಿಯುವುದಿಲ್ಲ. ಅದನ್ನು ಓದಿ ಕಲಿತ ದೂರದ ಊರಿನವರು ಮೂರೇ ನಿಮಿಷದಲ್ಲಿ ಹಾಡಿ ಮುಗಿಸಿ ಬಾವಿಗಿಳಿಯುತ್ತಾರೆ.

ಪುಟದ ಮೇಲೆ

30 ಸಾಲನ್ನೂ ಪುಟದಲ್ಲಿ ಸುರಿಯಬೇಡಿ. ಮೂವತ್ತೂ ಬರೆದಿಟ್ಟುಕೊಳ್ಳಿ, ಆರೋ ಏಳೋ ಮಾತ್ರ ಕಾಣಿಸಿ, ಅದೂ ಮೂರು ಬೇರೆ ಬೇರೆ ದೃಶ್ಯಗಳಲ್ಲಿ. ಮೊದಲು ಮಕ್ಕಳು ಆಟದಲ್ಲಿ ಒಂದು ಮತ್ತು ಎರಡನೆಯ ಸಾಲನ್ನು ತಪ್ಪಾಗಿ ಹಾಡಲಿ. ನಂತರ ಯಾರಾದರೂ ಒಂಬತ್ತನೆಯ ಸಾಲನ್ನು ಕಲಿಸುತ್ತ, ಅಲ್ಲಿ ‘ಇಳಿಯೊ’ ಸೇರಿಸಿದ ಹುಡುಗಿಗೆ ಏಟು ಕೊಡಲಿ. ಬಾವಿಯ ದಿನ ಬಂದಾಗ ಓದುಗರಿಗೆ ಹಾಡು ಹೇಗಿರಬೇಕೆಂದು ಗೊತ್ತಿರುತ್ತದೆ. ಆಗ ಹಗ್ಗ, ಗಂಟು, ಕೈ, ಕೆಳಗಿನ ಬೆಳಕು ಇವನ್ನು ಬರೆದು, ನಡುವೆ ಒಂದೆರಡು ಸಾಲು ಹಾಕಿದರೆ ಉಳಿದದ್ದನ್ನು ಅವರೇ ಹಾಡಿಕೊಳ್ಳುತ್ತಾರೆ.

ದೇವತೆಗೆ ಗೊತ್ತಿರುವ ಇತಿಹಾಸವನ್ನು ಹಾಡಿನ ಮೂಲಕ ಓದುಗರಿಗೆ ತಿಳಿಸಹೋಗುವುದು ಇನ್ನೊಂದು ಚಟ. ನಂಬುವವರು ತಳದಾಕೆಗೆ ಅವಳದೇ ಕಥೆ ಹೇಳುವುದಿಲ್ಲ, ಬೇಕಾದ್ದನ್ನು ಕೇಳುತ್ತಾರೆ ಅಥವಾ ಮಾಡಬೇಕಾದ್ದನ್ನು ಮಾಡುತ್ತಾರೆ. ಇತಿಹಾಸ ಹೇಳಲೇಬೇಕೆಂದರೆ ಅದಕ್ಕೆಂದೇ ಇರುವ ಬೇರೆ ಹಾಡು ಕಟ್ಟಿ, ಅದನ್ನು ಬೇರೆ ದಿನ ಹಾಡಿಸಿ.

ಬರೆದು ಮುಗಿದ ಮೇಲೆ ಗಟ್ಟಿಯಾಗಿ ಹಾಡಿ ನೋಡಿ, ಗಡಿಯಾರ ಹಿಡಿದು, ಇನ್ನೊಬ್ಬರ ಕೈಗೆ ಕಲ್ಲು ಕಟ್ಟಿದ ಹಗ್ಗ ಕೊಟ್ಟು, ಮಹಡಿಯ ಮೇಲಿಂದ. ಹತ್ತು ಸಾಲಿಗೆ 100 ಸೆಕೆಂಡು ಆಗಬೇಕು. 70 ಆದರೆ ಸಾಲು ಚಿಕ್ಕದಾಗಿದೆ ಅಥವಾ ನೀವು ಓದುತ್ತಿದ್ದೀರಿ, ಹಾಡುತ್ತಿಲ್ಲ. 130 ದಾಟಿದರೆ ಉಸಿರು ಸಾಲುತ್ತಿಲ್ಲ, ಒಂದು ಗಣ ತೆಗೆಯಿರಿ. ಪುಸ್ತಕ ಆಡಿಯೋ ರೂಪದಲ್ಲಿ ಬರುವುದಿದ್ದರೆ ವಾಚಕರ ಪ್ರತಿಯಲ್ಲಿ ಒಂಬತ್ತನೆಯ ಸಾಲಿನ ‘ದೀ’ ಮೇಲೆ ಗುರುತು ಹಾಕಿ, ಎಷ್ಟು ಎಳೆಯಬೇಕೆಂದು ಬದಿಯಲ್ಲಿ ಬರೆಯಿರಿ. ಇಲ್ಲವಾದರೆ ಅವರು ಅದನ್ನು ಅಚ್ಚಿನ ತಪ್ಪೆಂದುಕೊಂಡು ‘ಇಳಿಯೊ’ ಸೇರಿಸಿ ಸರಿಮಾಡಿಬಿಡುತ್ತಾರೆ.